ಹದಿನೈದು ದಿನದಲ್ಲಿ ಹಳೆಯದಾದ ಅಡುಗೆಮನೆ

ಆ ದಿನಗಳಲ್ಲಿ ಹಲಸೂರಿನ ನಮ್ಮ ಮನೆಯಲ್ಲಿ ಒಂದೇ ಅಡುಗೆಮನೆ ಇತ್ತು. ಈ ಒಂದು ವಾಕ್ಯವನ್ನು ಯಾವ ಅನುಮಾನವೂ ಇಲ್ಲದೆ ಬರೆಯಬಲ್ಲೆ. ಉಳಿದದ್ದರ ಬಗ್ಗೆ ಅಷ್ಟು ಧೈರ್ಯವಿಲ್ಲ. ಹತ್ತು ವರ್ಷದ ಹುಡುಗಿ ಕಂಡದ್ದನ್ನು ಮೂವತ್ತು ದಾಟಿದ ಹೆಂಗಸು ಬರೆಯುವ ಹೊತ್ತಿಗೆ ನಡುವೆ ಎಷ್ಟೋ ಜನ ಅದನ್ನು ತಿದ್ದಿರುತ್ತಾರೆ, ಅವರಲ್ಲಿ ನಾನೂ ಒಬ್ಬಳು. ಎಲ್ಲಿ ನನಗೆ ಖಾತ್ರಿಯಿಲ್ಲವೋ ಅಲ್ಲಿ ಹೇಳುತ್ತೇನೆ. ಅಣ್ಣತಮ್ಮಂದಿರು ಕೂಡಿ ಬಾಳಿದ ಮನೆಯಲ್ಲಿ ಬೆಳೆದವರಿಗೆ ಇದು ಪೂರ್ತಿ ಅಪರಿಚಿತ ಅನ್ನಿಸಲಾರದು.

ಮನೆ ರೈಲಿನ ಡಬ್ಬಿಯಂತೆ ಉದ್ದಕ್ಕಿತ್ತು. ಬೀದಿಗೆ ಮುಖ ಮಾಡಿ ಹಾಸಿಗೆ ಹೊಲಿಯುವವರಿಗೆ ಬಾಡಿಗೆಗೆ ಕೊಟ್ಟ ಅಂಗಡಿ, ಅದರ ಪಕ್ಕದ ಓಣಿಯಲ್ಲಿ ಒಳಗೆ ಬಂದರೆ ಹಜಾರ, ಎರಡು ಕೋಣೆ, ಅಡುಗೆಮನೆ, ಆಮೇಲೆ ಕಲ್ಲುಚಪ್ಪಡಿ ಮುಚ್ಚಿದ ಬಾವಿಯಿದ್ದ ಅಂಗಳ. ಅಂಗಳ ದಾಟಿದರೆ ಬಚ್ಚಲು ಮತ್ತು ಉಗ್ರಾಣ. ಮುತ್ತಜ್ಜ ಕಟ್ಟಿಸಿದ್ದು. ಅಜ್ಜ ವಿಮಾನಪುರದ ಕಾರ್ಖಾನೆಯಲ್ಲಿ ದುಡಿದು, ನಿವೃತ್ತಿಯಾಗಿ, ಆ ಹಜಾರದಲ್ಲೇ ತೀರಿಕೊಂಡಿದ್ದರು. ಅವರು ಹೋದ ಮೇಲೆ ಮನೆಯಲ್ಲಿ ಉಳಿದವರು ಆರು ಜನ: ದೊಡ್ಡಪ್ಪ, ದೊಡ್ಡಮ್ಮ, ಅವರ ಮಗ ಗಿರಿ, ನನ್ನ ಅಪ್ಪ, ಅಮ್ಮ, ನಾನು. ಗಿರಿ ನನಗಿಂತ ಎರಡು ವರ್ಷ ದೊಡ್ಡವನು. ಬೆಳಿಗ್ಗೆ ದೊಡ್ಡಮ್ಮನ ಅಡುಗೆ, ಸಂಜೆ ಅಮ್ಮನದು. ಊಟಕ್ಕೆ ಒಂದೇ ಪಂಕ್ತಿ.

ಭಾನುವಾರ ಮಾತ್ರ ಆ ಅಡುಗೆಮನೆ ರತ್ನತ್ತೆಯದು. ಅತ್ತೆ ಅಪ್ಪನ ತಂಗಿ. ಅಜ್ಜಿ ಬೇಗ ತೀರಿಕೊಂಡಿದ್ದರಿಂದ ಒಂಬತ್ತನೇ ಕ್ಲಾಸಿಗೆ ಶಾಲೆ ಬಿಟ್ಟು, ಅಜ್ಜನಿಗೂ ಅಣ್ಣಂದಿರಿಗೂ ಬೇಯಿಸಿ ಹಾಕಿ, ಅಣ್ಣಂದಿರ ಮದುವೆಯಾಗಿ ಗಿರಿ ಹುಟ್ಟಿ ನಾನು ಹುಟ್ಟಿದ ಮೇಲೆ, ತಡವಾಗಿ ಮದುವೆಯಾಗಿ ರಾಮಮೂರ್ತಿ ನಗರಕ್ಕೆ ಹೋದವಳು. ಮಾವ ಟೆಂಪೊ ಓಡಿಸುತ್ತಿದ್ದರು. ಮಕ್ಕಳಾಗಲಿಲ್ಲ. ಪ್ರತಿ ಭಾನುವಾರ ಬಸ್ಸು ಹಿಡಿದು ಬರುತ್ತಿದ್ದಳು, ಕೈಯಲ್ಲಿ ಒಂದು ಬಟ್ಟೆಚೀಲ, ಚೀಲದಲ್ಲಿ ಯಾವುದೋ ಸೊಪ್ಪು. ಬಂದವಳೇ ಸೆರಗು ಸಿಕ್ಕಿಸಿ, "ಏಳ್ರೇ, ನನ್ನ ಜಾಗ ಬಿಡಿ" ಎಂದು ದೊಡ್ಡಮ್ಮನನ್ನೂ ಅಮ್ಮನನ್ನೂ ಎಬ್ಬಿಸಿಬಿಡುತ್ತಿದ್ದಳು. ಬಸ್ಸಾರಿನ ಒಗ್ಗರಣೆಗೆ ಅವಳು ಬೆಳ್ಳುಳ್ಳಿಯನ್ನು ಸಿಪ್ಪೆ ಸಮೇತ ಜಜ್ಜಿ ಹಾಕುತ್ತಿದ್ದಳು. ಆ ವಾಸನೆ ಅಂಗಡಿಯ ಹತ್ತಿ ಧೂಳಿನ ವಾಸನೆಯನ್ನು ಹಿಂದಕ್ಕೆ ತಳ್ಳಿ ಬೀದಿಯವರೆಗೆ ಹೋಗುತ್ತಿತ್ತು. ಮಧ್ಯಾಹ್ನ ನನ್ನನ್ನೂ ಗಿರಿಯನ್ನೂ ಅಂಗಳದಲ್ಲಿ ಎದುರಿಗೆ ಕೂರಿಸಿಕೊಂಡು ಅನ್ನ ಕಲಸಿ ಕೈತುತ್ತು ಹಾಕುತ್ತಿದ್ದಳು. ನಾನು ತುತ್ತು ಚಿಕ್ಕದಾಯ್ತು ಎಂದು ಜಗಳ ತೆಗೆದರೆ, "ತಗೋ, ಆನೆ ತುತ್ತು. ನುಂಗು ನೋಡೋಣ" ಎನ್ನುವಳು.

ಮಾವನಿಗೆ ಲಕ್ವ ಹೊಡೆಯಿತು. ಟೆಂಪೊ ಮಾರಿದರು. ಒಂದು ಭಾನುವಾರ ಊಟವಾದ ಮೇಲೆ ಅತ್ತೆ ದೊಡ್ಡಪ್ಪನ ಎದುರು ನಿಂತು ಕೇಳಿದಳು. ಇದು ನಾನು ನೋಡಿದ್ದೇ. ಯಾಕೆಂದರೆ ಅವಳು ಯಾವತ್ತೂ ಅಣ್ಣನ ಎದುರು ಕೈ ಕಟ್ಟಿ ನಿಂತದ್ದನ್ನು ನಾನು ಕಂಡಿರಲಿಲ್ಲ.

"ಅಣ್ಣ, ಹಿಂದಿನ ಉಗ್ರಾಣ ಕೊಟ್ಬಿಡಿ. ಇವರನ್ನ ಮಲಗಿಸೋಕೆ ಒಂದು ಮಂಚ, ಮೂಲೇಲಿ ಒಂದು ಸ್ಟೌ. ಅಷ್ಟು ಹಿಡಿದ್ರೆ ಸಾಕು. ಬಾಡಿಗೆ ಕಟ್ಟೋಕೆ ಆಗ್ತಿಲ್ಲ."

"ನೋಡೋಣಮ್ಮ," ಎಂದರು ದೊಡ್ಡಪ್ಪ.

ನಮ್ಮ ಮನೆಯಲ್ಲಿ ನೋಡೋಣ ಎಂದರೆ ಇಲ್ಲ ಎಂದರ್ಥ. ಅದು ಮಕ್ಕಳಿಗೂ ಗೊತ್ತಿತ್ತು. ಅತ್ತೆ ಇನ್ನೂ ನಾಲ್ಕೈದು ಭಾನುವಾರ ಬಂದು ಅಡುಗೆ ಮಾಡಿ, ಕೇಳಿ, ಹೋದಳು. ಆಮೇಲೆ ಬರುವುದು ನಿಂತಿತು. ಅವಳ ಬದಲು ರಿಜಿಸ್ಟರ್ಡ್ ಪೋಸ್ಟ್ ಬಂತು.

ಹೆಣ್ಣುಮಕ್ಕಳಿಗೂ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳ ಸಮ ಪಾಲು ಎಂಬ ಕಾನೂನು ಬಂದು ಆಗ ಹೆಚ್ಚು ಕಾಲವಾಗಿರಲಿಲ್ಲ. ಅತ್ತೆಗೆ ಅದನ್ನು ಯಾರೋ ಹೇಳಿಕೊಟ್ಟಿದ್ದರು. ಯಾರು ಎಂದು ದೊಡ್ಡಮ್ಮ ತಿಂಗಳುಗಟ್ಟಲೆ ತಲೆ ಕೆಡಿಸಿಕೊಂಡರು. ಒಂದು ಉಗ್ರಾಣ ಕೇಳಿದವಳು ಈಗ ಮನೆಯ ಮೂರರಲ್ಲೊಂದು ಪಾಲು ಕೇಳಿದ್ದಳು. "ಕೂಳು ತಿಂದ ಮನೆಗೇ ಕೋರ್ಟು ತಂದ್ಲು" ಎಂದು ದೊಡ್ಡಮ್ಮ ಬಂದವರಿಗೆಲ್ಲ ಹೇಳುತ್ತಿದ್ದರು. ಆ ಕೂಳು ಬೇಯಿಸಿದವಳು ಯಾರು ಎಂದು ಬಂದವರು ಯಾರೂ ಕೇಳಲಿಲ್ಲ.

ಅಪ್ಪ, ದೊಡ್ಡಪ್ಪ ಶಿವಾಜಿನಗರದ ಒಬ್ಬ ಲಾಯರ ಬಳಿ ಓಡಾಡತೊಡಗಿದರು. ಹೀಗೆ ಒಂದು ಸಂಜೆ ಹಿಂತಿರುಗಿ, ಊಟಕ್ಕೆ ಕೂತಾಗ ದೊಡ್ಡಪ್ಪ ವಿಷಯ ಹೇಳಿದರು. ಅಜ್ಜನ ಕಾಲದಲ್ಲೇ ಅಣ್ಣತಮ್ಮಂದಿರಿಗೆ ಭಾಗ ಆಗಿಹೋಗಿತ್ತು ಎಂದರೆ ಈಗ ಭಾಗ ಮಾಡಲು ಏನೂ ಉಳಿದಿಲ್ಲ ಎಂದಾಗುತ್ತದೆ. ಅದಕ್ಕೊಂದು ಹಳೆಯ ಪಾಲುಪಟ್ಟಿ ಬೇಕು. ಪಟ್ಟಿ ಒಂದೇ ಸಾಲದು. ಕೋರ್ಟಿನಿಂದ ಕಮಿಷನರ್ ಬಂದು ಮನೆ ನೋಡುತ್ತಾರೆ. ಮನೆ ಭಾಗವಾದಂತೆ ಕಾಣಬೇಕು.

"ಕಾಣೋದು ಅಂದ್ರೆ?" ಎಂದರು ಅಮ್ಮ.

"ಎರಡು ಸಂಸಾರ, ಎರಡು ಒಲೆ," ಎಂದರು ದೊಡ್ಡಪ್ಪ. "ಹತ್ತು ವರ್ಷದಿಂದ ನಾವು ಬೇರೆ ಬೇರೆ ಬೇಯಿಸ್ಕೊಂಡು ತಿಂತಿದೀವಿ ಅಂತ."

ಹೀಗೆ ಒಂದೇ ಪಾತ್ರೆಯ ಸುತ್ತ ಕೂತು, ಒಂದೇ ಸೌಟಿನಲ್ಲಿ ಹುಳಿ ಬಡಿಸಿಕೊಳ್ಳುತ್ತ, ನಾವು ಹತ್ತು ವರ್ಷದಿಂದ ಬೇರೆಯಾಗಿದ್ದೇವೆ ಎಂದು ತೀರ್ಮಾನವಾಯಿತು. ಯಾರೂ ಊಟ ಬಿಟ್ಟು ಏಳಲಿಲ್ಲ. ಅಮ್ಮ "ಇದೆಲ್ಲ ಬೇಕಾ?" ಎಂದರೆಂದು ನನ್ನ ನೆನಪು. ಈಗ ಕೇಳಿದರೆ ಅಮ್ಮ, "ನಾನ್ಯಾಕೆ ಹಾಗಂತೀನಿ, ಆಗ ನನ್ನ ಮಾತು ಯಾರು ಕೇಳ್ತಿದ್ರು" ಎನ್ನುತ್ತಾರೆ. ಅಮ್ಮನಾದರೂ ಬೇಡವೆಂದಿರಲಿ ಎಂದು ನಾನೇ ಆ ವಾಕ್ಯವನ್ನು ಅವರ ಬಾಯಿಗೆ ಹಾಕಿರಬಹುದು.

ಎರಡನೇ ಅಡುಗೆಮನೆಗೆ ಜಾಗ ಬೇಕಿತ್ತು. ಇದ್ದದ್ದು ಒಂದೇ ಜಾಗ, ಅತ್ತೆ ಕೇಳಿದ್ದ ಉಗ್ರಾಣ.

ಕಮಿಷನರ್ ಬರಲು ಹದಿನೈದು ದಿನವಿತ್ತು. ಬೇಸಿಗೆ ರಜೆ. ತಾರಸಿಯ ಮೇಲೆ ಸಂಡಿಗೆ ಒಣಗುತ್ತಿತ್ತು, ಬೀದಿಯ ತಳ್ಳುಗಾಡಿಯಲ್ಲಿ ತೋತಾಪುರಿ ಸೀಳಿ ಉಪ್ಪುಖಾರ ಹಚ್ಚಿ ಕೊಡುತ್ತಿದ್ದರು. ಪ್ರತಿ ವರ್ಷ ಆ ರಜೆಯಲ್ಲಿ ನಾನೂ ಗಿರಿಯೂ ಬೀದಿಯ ಹುಡುಗರ ಜೊತೆ ಲಗೋರಿ ಆಡುತ್ತಿದ್ದೆವು. ಆ ವರ್ಷ ಆಡಲಿಲ್ಲ. ಅದಕ್ಕಿಂತ ಒಳ್ಳೆಯ ಆಟ ಮನೆಯೊಳಗೇ ಸಿಕ್ಕಿತ್ತು.

ಉಗ್ರಾಣ ಖಾಲಿ ಮಾಡಿದರು. ಕಡಪ ಕಲ್ಲಿನ ಹಲಗೆ ಕೂರಿಸಿದರು. ಹಲಗೆ ಹೊಸದಾಗಿ ಕಾಣುತ್ತದೆ ಎಂದು ದೊಡ್ಡಮ್ಮ ಅದರ ಮೇಲೆ ಹುಣಸೆಹಣ್ಣಿನ ನೀರು ಚೆಲ್ಲಿ, ಒಣಗಿಸಿ, ಮತ್ತೆ ಚೆಲ್ಲಿದರು. ನಮ್ಮ ದೊಡ್ಡಮ್ಮ ಎಷ್ಟು ಜಾಣೆ ಎಂದು ನನಗೆ ಗೊತ್ತಾದದ್ದು ಆಗ. ಗಾರೆಯವನು ಸುಣ್ಣ ಬಳಿದು ಹೋದ ಗೋಡೆಯನ್ನು ನೋಡಿ ಅವರು ಹೇಳಿದರು, "ಹತ್ತು ವರ್ಷ ಒಗ್ಗರಣೆ ಹಾಕಿದ ಗೋಡೆ ಹೀಗಿರುತ್ತಾ?" ಗೋಡೆ ಕಪ್ಪು ಮಾಡುವ ಕೆಲಸ ಮಕ್ಕಳ ಪಾಲಿಗೆ ಬಂತು.

ಗಿರಿ ಸೀಮೆಎಣ್ಣೆ ಬುಡ್ಡಿ ಹಿಡಿದು ನಿಂತ. ಬತ್ತಿ ಎತ್ತರಿಸಿ ಗೋಡೆಗೆ ಹತ್ತಿರ ಹಿಡಿದರೆ ಕಪ್ಪು ನಾಲಗೆಯ ಹಾಗೆ ಮೇಲಕ್ಕೆ ಹರಿಯುತ್ತಿತ್ತು. ಬೆರಳಿಟ್ಟರೆ ಪುಡಿಪುಡಿಯಾಗಿ ಕೈಗೆ ಬರುತ್ತಿತ್ತು.

"ಇದು ಬುಡ್ಡಿ ಮಸಿ. ಅಡುಗೆಮನೆ ಮಸಿ ಅಂಟುತ್ತೆ," ಎಂದರು ದೊಡ್ಡಮ್ಮ.

ಅವರೇ ಉಪಾಯವನ್ನೂ ಹೇಳಿದರು. ಸಂಡಿಗೆ ಕರಿದು ಉಳಿದ ಎಣ್ಣೆಯನ್ನು ಚಿಂದಿಬಟ್ಟೆಯಲ್ಲಿ ಅದ್ದಿ ಮೊದಲು ಗೋಡೆಗೆ ಸವರುವುದು, ಆಮೇಲೆ ಹೊಗೆ ಹಿಡಿಯುವುದು, ಮೇಲೆ ಮತ್ತೆ ಎಣ್ಣೆ. ಎಣ್ಣೆ ಸವರುವವಳು ನಾನು. ಮೂರು ದಿನ ಸವರಿದೆ. ಮೊಣಕೈಯವರೆಗೆ ಜಿಡ್ಡು, ಮೂಗಿನಲ್ಲಿ ಸೀಮೆಎಣ್ಣೆ. ಸೀಗೆಪುಡಿ ಹಾಕಿ ಉಜ್ಜಿದರೂ ವಾಸನೆ ಹೋಗಲಿಲ್ಲ. ಸಾಸಿವೆ ಸಿಡಿದ ಗುರುತು ಬೇಕೆಂದು ಗಿರಿ ಹಲ್ಲುಜ್ಜುವ ಹಳೆಯ ಬ್ರಷ್ಷಿನಲ್ಲಿ ಅರಿಶಿನದ ನೀರು ಚಿಮುಕಿಸಿದ. ದೊಡ್ಡಪ್ಪ ಅವನ ಬೆನ್ನು ತಟ್ಟಿದರು. ಯಾರದೋ ಮನೆಯಿಂದ ಮೂರು ವರ್ಷದ ಹಿಂದಿನ ಕ್ಯಾಲೆಂಡರ್ ತಂದು ಮೊಳೆಗೆ ನೇತುಹಾಕಿದರು. ನಮ್ಮಿಬ್ಬರಿಗೆ ಅಷ್ಟು ಸಂತೋಷದ ರಜೆ ಅದರ ಹಿಂದೆ ಬಂದಿರಲಿಲ್ಲ. ದೊಡ್ಡವರು ನಮ್ಮ ಕೆಲಸವನ್ನು ಹೊಗಳುತ್ತಿದ್ದರು, ನಮ್ಮ ಎದುರು ಗುಟ್ಟು ಮಾತಾಡುತ್ತಿದ್ದರು. ಇವತ್ತು ಆ ಎಣ್ಣೆಬಟ್ಟೆಯನ್ನು ನೆನೆದರೆ ನಾಚಿಕೆ ಬರುತ್ತದೆ. ಆಗ ಬರಲಿಲ್ಲ ಎಂಬುದನ್ನೂ ಬರೆಯಬೇಕು.

ಪಾತ್ರೆಗಳಿಗೆ ಅಪ್ಪ, ದೊಡ್ಡಪ್ಪ ನಮ್ಮಿಬ್ಬರನ್ನೂ ಕರೆದುಕೊಂಡು ಶಿವಾಜಿನಗರದ ಗುಜರಿ ಸಾಲಿಗೆ ಹೋದರು. ಒಂದು ಅಂಗಡಿಯಲ್ಲಿ ಸ್ಟೀಲು, ಹಿತ್ತಾಳೆ, ಅಲ್ಯೂಮಿನಿಯಂ ಎಲ್ಲ ಗುಡ್ಡೆ ಬಿದ್ದಿತ್ತು.

"ಹೊಸಾ ಸೆಟ್ ಇದೆ ಸಾಬ್, ಫಸ್ಟ್ ಕ್ಲಾಸ್," ಎಂದ ಅಂಗಡಿಯವನು.

"ಹೊಸದು ಬೇಡ. ಹಳೇದು."

"ಎಷ್ಟು ಹಳೇದು?"

ದೊಡ್ಡಪ್ಪ ಯೋಚಿಸಿ, "ಒಂದು ಹತ್ತು ವರ್ಷದ್ದು" ಎಂದರು.

ಅವನು ನಕ್ಕ. "ಪಾತ್ರೆಗೆ ಉಮರ್ ಕೇಳೋರನ್ನ ಇವತ್ತೇ ನೋಡಿದ್ದು ನಾನು. ಪಾತ್ರೆಗೆ ಹೆಣ್ಣು ನೋಡ್ತಿದೀರಾ ಸಾಬ್?"

ಅಪ್ಪನೂ ನಕ್ಕರು. ಎರಡು ಗೋಣಿಚೀಲ ತುಂಬ ಪಾತ್ರೆ ಆಟೊದಲ್ಲಿ ಬಂತು. ಯಾರ ಮನೆಯ ಪಾತ್ರೆಗಳೋ, ಯಾಕೆ ಗುಜರಿಗೆ ಬಂದವೋ. ಅಮ್ಮ ಅವನ್ನು ಮೂರು ಸಲ ಬೂದಿ ಹಾಕಿ ತಿಕ್ಕಿದರು. ಆದರೂ ಅವುಗಳಲ್ಲಿ ಕುಡಿಯಲು ನಮಗೆ ಬಿಡಲಿಲ್ಲ.

ಕೊನೆಯ ಎರಡು ದಿನ ಪಾಠ. ಅಪ್ಪ ನನ್ನನ್ನು ತೊಡೆಯ ಮೇಲೆ ಕೂರಿಸಿಕೊಂಡು ಕೇಳುವರು: "ಯಾರಾದ್ರೂ ಕೇಳಿದ್ರೆ, ನೀವು ಊಟ ಮಾಡೋದು ಎಲ್ಲಿ?" ನಾನು: "ಹಿಂದಿನ ಅಡುಗೆಮನೇಲಿ." "ಗಿರಿ?" "ಅವನು ಮುಂದೆ." "ಎಷ್ಟು ದಿನದಿಂದ?" "ನಾನು ಹುಟ್ಟಿದಾಗಿನಿಂದ." ಅಪ್ಪ ಒಳ್ಳೆಯ ಮನುಷ್ಯರೆಂದು ಇಂದಿಗೂ ಅವರ ಕಚೇರಿಯವರು ಹೇಳುತ್ತಾರೆ. ಅದೂ ನಿಜವೇ. ಬೀದಿಯಲ್ಲಿ ಬಿದ್ದವರನ್ನು ಎತ್ತಿ ಆಸ್ಪತ್ರೆಗೆ ಸೇರಿಸಿದ ಮನುಷ್ಯ. ಅದೇ ಮನುಷ್ಯ ಅದೇ ದನಿಯಲ್ಲಿ, ಮಗ್ಗಿ ಹೇಳಿಕೊಡುವಂತೆ, ನನಗೆ ಇದನ್ನು ಹೇಳಿಕೊಟ್ಟರು.

ಕಮಿಷನರ್ ಎಂದರೆ ದೊಡ್ಡ ಮೀಸೆಯವರು ಬರುತ್ತಾರೆಂದು ನಾವು ಕಾದಿದ್ದೆವು. ಬಂದವರು ಕಪ್ಪು ಕೋಟನ್ನು ತೋಳಿಗೆ ಹಾಕಿಕೊಂಡ, ಬೆವರಿಂದ ತೊಯ್ದ, ಎಳೆಯ ಮುಖದ ಒಬ್ಬ ವಕೀಲರು. ಜೊತೆಗೆ ಟೇಪು ಹಿಡಿದ ಒಬ್ಬ ಸಹಾಯಕ. ಅವರ ಹಿಂದೆ ಅತ್ತೆ, ಅವಳ ಲಾಯರು. ಅತ್ತೆ ಸೊರಗಿದ್ದಳು. ಆದರೂ ನನ್ನನ್ನು ಕಂಡು ಕಣ್ಣು ಸಣ್ಣ ಮಾಡಿ, "ಏನೇ ಸವೀ, ಹಲ್ಲು ಬಂತಾ?" ಎಂದಳು. ಅವಳು ಕೊನೆಯ ಸಲ ಬಂದಾಗ ನನ್ನ ಹಲ್ಲೊಂದು ಬಿದ್ದಿತ್ತು. ನಾನು ಬಾಯಿ ಮುಚ್ಚಿಕೊಂಡೆ. ಮಾತಾಡಬಾರದೆಂದು ದೊಡ್ಡಮ್ಮ ಹೇಳಿದ್ದರು.

ಮುಂದಿನಿಂದ ಅಳೆಯುತ್ತ ಬಂದರು. ಅಂಗಳ ದಾಟಿ ಉಗ್ರಾಣದ ಬಾಗಿಲಿಗೆ ಬಂದಾಗ ಅತ್ತೆ ನಿಂತುಬಿಟ್ಟಳು. ಬಹಳ ಹೊತ್ತೇನಲ್ಲ. ಆಮೇಲೆ ಒಳಗೆ ಹೋಗಿ ಗೋಡೆಗೆ ಬೆರಳೊತ್ತಿ, ಬೆರಳು ನೋಡಿ, ಮೂಸಿದಳು.

"ಸೀಮೆಎಣ್ಣೆ," ಎಂದಳು.

"ಸ್ಟೌ ಸೀಮೆಎಣ್ಣೇದೇ ಅಲ್ವೇನಮ್ಮ," ಎಂದರು ದೊಡ್ಡಮ್ಮ ಮೆಲ್ಲಗೆ. ಕಮಿಷನರ್ ಬರೆದುಕೊಂಡರು.

ಅತ್ತೆ ಹಲಗೆಯ ಮೇಲಿದ್ದ ಪಾತ್ರೆಗಳನ್ನು ಒಂದೊಂದಾಗಿ ತಿರುಗಿಸತೊಡಗಿದಳು. ಅವಳ ಮನಸ್ಸಿನಲ್ಲೇನಿತ್ತು ಎಂದು ನಮಗಾರಿಗೂ ಹೊಳೆಯಲಿಲ್ಲ. ಸ್ಟೀಲು ಪಾತ್ರೆ ಕೊಂಡರೆ ಅಂಗಡಿಯಲ್ಲೇ ಹೆಸರು ಕೊರೆಸುವುದು ಎಲ್ಲ ಮನೆಗಳಲ್ಲಿ ಇತ್ತಲ್ಲ. ನಮ್ಮ ಮನೆಯ ಪ್ರತಿ ಲೋಟದ ಮೇಲೂ ಅಜ್ಜನ ಹೆಸರಿತ್ತು. ಹದಿನೈದು ದಿನ ಗೋಡೆ, ಹಲಗೆ, ಕ್ಯಾಲೆಂಡರಿನವರೆಗೆ ಯೋಚಿಸಿದ ನಾಲ್ಕು ಜನ ದೊಡ್ಡವರು ಈ ಒಂದನ್ನು ಮರೆತಿದ್ದರು. ಅತ್ತೆ ಒಂದು ಚೊಂಬನ್ನು ಎತ್ತಿ ಬೆಳಕಿಗೆ ಹಿಡಿದಳು. ಹಲಸೂರಿನಲ್ಲಿ ಬೆಳೆದವರಿಗೆ ಅಂಗಡಿ ಬೋರ್ಡು ಓದುವಷ್ಟು ತಮಿಳು ಬರುತ್ತದೆ.

"ಸಾರ್, ಇದು ತಮಿಳಲ್ಲಿದೆ. ಮುನಿಯಮ್ಮಾಳ್ ಅಂತ. ಕೇಳಿ ಇವರನ್ನ, ನಮ್ಮ ವಂಶದಲ್ಲಿ ಮುನಿಯಮ್ಮಾಳ್ ಯಾರು ಅಂತ."

ಅಪ್ಪ ದೊಡ್ಡಪ್ಪನ ಮುಖ ನೋಡಿದರು. ದೊಡ್ಡಪ್ಪ ಚೊಂಬು ನೋಡಿದರು. ಕಮಿಷನರ್ ಪೆನ್ನು ಎತ್ತಿ ಹಿಡಿದು ಕಾಯುತ್ತಿದ್ದರು. ಆಗ ಅತ್ತೆ, ಗೆದ್ದವಳ ಧೈರ್ಯದಲ್ಲಿ, ನನ್ನ ಕಡೆ ತಿರುಗಿದಳು.

"ದೊಡ್ಡೋರನ್ನ ಕೇಳ್ಬೇಡಿ ಸಾರ್. ಈ ಮಗೂನ ಕೇಳಿ. ಇದು ಸುಳ್ಳು ಹೇಳಲ್ಲ. ನಾನು ಎತ್ತಿ ಬೆಳೆಸಿದ ಕೂಸು."

ಕಮಿಷನರ್ ಬಗ್ಗಿ ಕೇಳಿದರು, "ಹೇಳು ಪುಟ್ಟಿ. ಈ ಚೊಂಬು ಯಾರದು?"

ಈ ಪ್ರಶ್ನೆ ಪಾಠದಲ್ಲಿರಲಿಲ್ಲ. ಉತ್ತರವನ್ನು ಯಾರೂ ನನಗೆ ಹೇಳಿಕೊಟ್ಟಿರಲಿಲ್ಲ. ನನ್ನ ನೆನಪಿನ ಪ್ರಕಾರ ನಾನು ಒಂದು ಕ್ಷಣವೂ ತಡೆಯದೆ ಹೇಳಿದೆ: "ನಮ್ಮದೇ. ಪಕ್ಕದ ಮನೆ ತಮಿಳಜ್ಜಿ, ಮುನಿಯಮ್ಮ ಪಾಟಿ, ಮನೆ ಬಿಟ್ಟು ಹೋಗೋವಾಗ ಅಮ್ಮಂಗೆ ಕೊಟ್ರು. ನಾನು ಚಿಕ್ಕೋಳಿದ್ದಾಗಿಂದ ಇದರಲ್ಲೇ ನೀರು ಕುಡಿಯೋದು." ಅಷ್ಟಕ್ಕೇ ನಿಲ್ಲಿಸಲಿಲ್ಲ. "ದೊಡ್ಡಮ್ಮನ ಮನೆ ಸಾರು ಖಾರ. ನಾನು ಅಲ್ಲಿ ಊಟ ಮಾಡಲ್ಲ," ಎಂದೂ ಸೇರಿಸಿದೆ.

ಕಮಿಷನರ್ ನಕ್ಕರು. ಎಲ್ಲರೂ ನಕ್ಕರು. ಅತ್ತೆ ಮಾತ್ರ ನನ್ನನ್ನು ನೋಡುತ್ತಿದ್ದಳು. ಸಿಟ್ಟಿನ ನೋಟವಲ್ಲ. ದಾರಿಯಲ್ಲಿ ಪರಿಚಯದವರೆಂದು ಕರೆದು, ಅವರು ತಿರುಗಿದಾಗ ಬೇರೆ ಯಾರೋ ಎಂದು ತಿಳಿದರೆ ನೋಡುತ್ತೇವಲ್ಲ, ಹಾಗೆ. ಚೊಂಬನ್ನು ಎಲ್ಲಿತ್ತೋ ಅಲ್ಲೇ ಇಟ್ಟು ಹೊರಗೆ ಹೋಗಿ ಬಾವಿಯ ಚಪ್ಪಡಿಯ ಮೇಲೆ ಕೂತಳು. ಅವಳ ಲಾಯರು ಎರಡು ಸಲ ಕರೆದರೂ ಒಳಗೆ ಬರಲಿಲ್ಲ.

ಸಂಜೆ ದೊಡ್ಡಪ್ಪ ಎಲ್ಲರಿಗೂ ಮಸಾಲೆ ದೋಸೆ ಕಟ್ಟಿಸಿಕೊಂಡು ಬಂದರು. ನನ್ನನ್ನು ಎತ್ತಿ ಹೆಗಲ ಮೇಲೆ ಕೂರಿಸಿಕೊಂಡು, "ಲಾಯರ್ ಆಗ್ತಾಳೆ ನೋಡ್ತಿರಿ ಇವಳು" ಎಂದರು. ನನಗೆ ದೋಸೆ ಗಂಟಲಲ್ಲಿ ಇಳಿಯಲಿಲ್ಲ ಎಂದು ಬರೆಯಲು ಆಸೆ. ಓದುವವರಿಗೆ ಅದು ಹಿತವಾಗಿರುತ್ತದೆ, ನನಗೂ. ಆದರೆ ಎರಡು ತಿಂದೆ. ಗಿರಿಯ ಪಾಲಿನ ಪಲ್ಯವನ್ನೂ ತಿಂದೆ. ಎಲ್ಲರೂ ತಿಂದದ್ದು ಹಳೆಯ ಅಡುಗೆಮನೆಯಲ್ಲಿ, ಒಟ್ಟಿಗೆ.

ಅತ್ತೆ ಮುಂದಿನ ಹಿಯರಿಂಗಿಗೆ ಬರಲಿಲ್ಲ. ಅದರ ಮುಂದಿನದಕ್ಕೂ ಬರಲಿಲ್ಲ. ವಾದಿ ಹಾಜರಿಲ್ಲವೆಂದು ಕೇಸು ವಜಾ ಆಯಿತು. ಮಾವ ಅದೇ ವರ್ಷ ಬಾಡಿಗೆ ಮನೆಯಲ್ಲಿ ತೀರಿಕೊಂಡರು. ನಮ್ಮ ಮನೆಯಿಂದ ಅಪ್ಪ ಒಬ್ಬರೇ ಹೋಗಿ ಬಂದರು, ಬಂದು ತಲೆಗೆ ನೀರು ಹಾಕಿಕೊಂಡರು.

ಇಲ್ಲಿಗೆ ಮುಗಿಯಬೇಕಿತ್ತು. ಆದರೆ ಅಪೀಲು ಹೋದರೂ ಹೋಗಬಹುದು, ಸ್ವಲ್ಪ ದಿನ ಹಾಗೇ ಇರಲಿ ಎಂದು ಲಾಯರು ಹೇಳಿದ್ದರಿಂದ ಎರಡನೇ ಅಡುಗೆಮನೆಯನ್ನು ತೆಗೆಯಲಿಲ್ಲ. ಬಂದು ಹೋಗುವವರ ಕಣ್ಣಿಗೆ ಬೀಳಲಿ ಎಂದು ಅಮ್ಮ ಅಲ್ಲಿ ಕಾಫಿ ಕಾಸತೊಡಗಿದರು. ಕಾಫಿ ತಿಂಡಿಯಾಯಿತು, ತಿಂಡಿ ಊಟವಾಯಿತು. ಯಾವ ದಿನ ನಾವು ಪಂಕ್ತಿ ಬಿಟ್ಟೆವು ಎಂದು ಎಷ್ಟು ಯೋಚಿಸಿದರೂ ನೆನಪಾಗುವುದಿಲ್ಲ. ನಾನು ಎಣ್ಣೆ ಸವರಿದ ಗೋಡೆಯ ಮೇಲೆ ನಿಜವಾದ ಒಗ್ಗರಣೆಯ ಮಸಿ ಕೂತಿತು. ವರ್ಷ ಕಳೆಯುವುದರೊಳಗೆ ಎರಡಕ್ಕೂ ವ್ಯತ್ಯಾಸ ಕಾಣುತ್ತಿರಲಿಲ್ಲ.

ಆಮೇಲೆ ಒಂದು ಬೆಳಿಗ್ಗೆ ಗಾರೆಯವರು ಬಂದು ಮನೆಯ ನಡುವೆ ಇಟ್ಟಿಗೆ ಇಡತೊಡಗಿದರು. ಅಪ್ಪ ಓಡಿಹೋದರು.

"ಏನಣ್ಣ ಇದು?"

"ಗೋಡೆ. ಪಾಲುಪಟ್ಟೀಲಿ ಇರೋ ಹಾಗೆ."

ಪಾಲುಪಟ್ಟಿ ಬರೆಯುವಾಗ ಮುಂದಿನ ಭಾಗ, ಅಂಗಡಿ ಸಮೇತ, ಹಿರಿಯನಿಗೆ, ಹಿಂದಿನದು ಕಿರಿಯನಿಗೆ ಎಂದು ಬರೆದಿದ್ದರು. ಕಾಗದದ ಮೇಲೆ ತಾನೇ, ಏನು ಬರೆದರೇನು ಎಂದು ಅಪ್ಪ ಸಹಿ ಹಾಕಿದ್ದರು. ಅಜ್ಜನ ಸಹಿ ಯಾರು ಹಾಕಿದರೋ ನಾನು ನೋಡಿಲ್ಲ.

"ಅಣ್ಣ, ಅದು ಕೋರ್ಟಿಗೆ ಅಂತ ಬರೆದಿದ್ದಲ್ವಾ?"

"ಹಾಗಾದ್ರೆ ಕೋರ್ಟಿಗೆ ಸುಳ್ಳು ಹೇಳಿದ್ವಾ?" ಎಂದರು ದೊಡ್ಡಪ್ಪ. "ಪ್ರಮಾಣಪತ್ರ ಕೊಟ್ಟಿದೀಯಲ್ಲಪ್ಪ ನೀನೂ. ಓದ್ಕೋ ಹೋಗು."

ಅಪ್ಪ ಬೇರೆ ಲಾಯರ ಬಳಿ ಹೋದರು. ಅವರು ಅಪ್ಪನ ಪ್ರಮಾಣಪತ್ರವನ್ನು ಅಪ್ಪನಿಗೇ ಗಟ್ಟಿಯಾಗಿ ಓದಿ ಹೇಳಿ, ಫೈಲು ಹಿಂದಕ್ಕೆ ಕೊಟ್ಟರಂತೆ. ಅಣ್ಣತಮ್ಮ ಆಮೇಲೆ ಮಾತಾಡಲಿಲ್ಲ. ದೊಡ್ಡಪ್ಪ ಸತ್ತಾಗ ಅಪ್ಪ ಗೋಡೆಯ ಈ ಕಡೆ ಕೂತು ಆ ಕಡೆಯ ಅಳು ಕೇಳಿಸಿಕೊಂಡರು. ಅಪ್ಪನ ಬಗ್ಗೆ ಮರುಕ ಹುಟ್ಟಬೇಕು. ನನಗೆ ಬಂದದ್ದು ಹೇವರಿಕೆ. ಮೋಸ ಮಾಡಿದ್ದಕ್ಕೆ ಅವರು ಒಂದು ದಿನವೂ ಕೊರಗಲಿಲ್ಲ, ಮೋಸಹೋದದ್ದಕ್ಕೆ ಸಾಯುವವರೆಗೆ ಕೊರಗಿದರು.

ಅಪ್ಪನೂ ಹೋದ ಮೇಲೆ, ಹಿಂದಿನ ಭಾಗ ನನಗೂ ಅಮ್ಮನಿಗೂ ಬಂತು. ಹೆಣ್ಣುಮಗಳೆಂದು ಯಾರೂ ತಕರಾರು ತೆಗೆಯಲಿಲ್ಲ. ಕಾಲ ಬದಲಾಗಿತ್ತು, ಕಾನೂನು ಎಲ್ಲರಿಗೂ ಬಾಯಿಪಾಠವಾಗಿತ್ತು. ಕಳೆದ ವರ್ಷ ಅದನ್ನು ಗಿರಿಗೇ ಮಾರಿದೆವು. ಆ ಹಣದಲ್ಲಿ ಸಿ.ವಿ. ರಾಮನ್ ನಗರದಲ್ಲಿ ಒಂದು ಫ್ಲಾಟು ಕೊಂಡೆ. ಇದನ್ನು ಬರೆಯುತ್ತಿರುವುದು ಅದರ ಬಾಲ್ಕನಿಯಲ್ಲಿ ಕೂತು.

ಮಾರಾಟಕ್ಕಾಗಿ ಹಳೆಯ ಕೇಸಿನ ಕಾಗದಗಳನ್ನೆಲ್ಲ ತೆಗೆಸಿದಾಗ ಕಮಿಷನರ್ ವರದಿ ಸಿಕ್ಕಿತು. ಹುಡುಕಿ ಹುಡುಕಿ ಓದಿದೆ. "ಬೇರೊಬ್ಬರ ಹೆಸರಿರುವ ಚೊಂಬು ನೆರೆಯವರು ಕೊಟ್ಟದ್ದೆಂದು ಎರಡನೇ ಪ್ರತಿವಾದಿ ವಿವರಿಸಿದರು" ಎಂದಿತ್ತು. ಎರಡನೇ ಪ್ರತಿವಾದಿ ಎಂದರೆ ಅಪ್ಪ. ಮಗುವಿನ ಮಾತೇ ಇಲ್ಲ. ಅಂದರೆ ಹೇಳಿದ್ದು ಅಪ್ಪನೇ? ಇಷ್ಟು ವರ್ಷ ನಾನು ಆಡದ ಮಾತನ್ನು ಹೊತ್ತು ತಿರುಗಿದೆನೆ? ಅಥವಾ ಆ ಎಳೆಯ ಮುಖದ ವಕೀಲರು ಮಗುವಿನ ಮೇಲೆ ಕನಿಕರಪಟ್ಟು ಹಾಗೆ ಬರೆದರೆ? ನನ್ನ ನೆನಪನ್ನು ನಾನು ಎಂದೂ ನಂಬಿದವಳಲ್ಲ. ಆ ದಿನ ಮಾತ್ರ ನಂಬದೆ ಇರುವುದು ಬಹಳ ಸುಖವಾಗಿತ್ತು.

ವರದಿಯ ನಕಲನ್ನು ಚೀಲದಲ್ಲಿಟ್ಟುಕೊಂಡು ಅತ್ತೆಯ ಮನೆಗೆ ಹೋದೆ. "ಹೋಗ್ಬೇಡ, ಸುಮ್ನೆ ಕೆದಕಿದ ಹಾಗಾಗುತ್ತೆ," ಎಂದರು ಅಮ್ಮ. ರಾಮಮೂರ್ತಿ ನಗರದಲ್ಲಿ ಒಂದೇ ಕೋಣೆ, ನೆಲಮಹಡಿ. ಅತ್ತೆ ಹೊಲಿಗೆ ಮಷೀನಿನ ಮುಂದೆ ಕೂತು ಯಾರದೋ ಬ್ಲೌಸಿಗೆ ಕೊಕ್ಕೆ ಹಾಕುತ್ತಿದ್ದಳು. ಕೂದಲು ಪೂರ್ತಿ ಬೆಳ್ಳಗಾಗಿತ್ತು.

"ಬಾ. ಕೂತ್ಕೋ."

ಹಿಂದುಮುಂದು ನೋಡದೆ ಕಾಗದ ತೆಗೆದು ಓದಿ ಹೇಳಿದೆ. "ನೋಡಿ ಅತ್ತೆ, ಅಪ್ಪ ಹೇಳಿದ್ದು ಅಂತ ಇದೆ. ನಾನು ಹೇಳಿದ್ದು ಅಂದ್ಕೊಂಡಿದ್ದೆ ಇಷ್ಟು ದಿನ."

ಅತ್ತೆ ದಾರ ಹಲ್ಲಲ್ಲಿ ಕಚ್ಚಿ ತುಂಡು ಮಾಡಿದಳು. "ನಿಮ್ಮಪ್ಪನಿಗೆ ಅಷ್ಟು ಬೇಗ ಎಲ್ಲಿ ಹೊಳೀತಿತ್ತು? ನೀನೇ ಹೇಳಿದ್ದು."

ಪಕ್ಕದ ಮನೆಯಲ್ಲಿ ಮಿಕ್ಸಿ ಓಡಿ ನಿಂತಿತು.

"ಕೇಸು ಬಿಟ್ಟಿದ್ದು ಅದಕ್ಕೇನಾ?"

"ಅದಕ್ಕೂ ಹೌದು. ಗೆದ್ದು ಬಂದು ಆ ಮನೇಲಿ ಯಾರ ಜೊತೆ ಇರಬೇಕಿತ್ತು ಹೇಳು." ಇನ್ನೊಂದು ಕೊಕ್ಕೆ ಹಾಕಿದಳು. "ಈಗ ಯಾಕೆ ಬಂದೆ?"

"ತಪ್ಪಾಯ್ತು ಅಂತ ಹೇಳೋಕೆ."

"ಹೇಳಿದ್ಯಲ್ಲ."

ಅವಳು ಸೂಜಿ ಕೆಳಗಿಟ್ಟು ನನ್ನ ಕಡೆ ನೋಡುತ್ತ ಕೂತಳು. ಕಾಯುತ್ತಿದ್ದಾಳೆಂದು ನನಗೆ ಗೊತ್ತಾಯಿತು. ಯಾತಕ್ಕೆಂದೂ ಗೊತ್ತಾಯಿತು. ನಾನು ಗೋಡೆಯ ಮೇಲಿನ ಮಾವನ ಫೋಟೊ ನೋಡಿದೆ, ಫ್ಯಾನು ನೋಡಿದೆ.

"ಮನೆ ಮಾರಿದ್ರಂತೆ," ಎಂದಳು ಕೊನೆಗೆ.

"ಹೂಂ ಅತ್ತೆ. ನಮ್ಮ ಭಾಗ."

"ಸರಿ," ಎಂದು ಅವಳು ಸೂಜಿ ಎತ್ತಿಕೊಂಡಳು. "ಬೇಗ ಹೊರಡು. ಬಸ್ಸು ಸಿಗಲ್ಲ ಆಮೇಲೆ."

ಊಟದ ಹೊತ್ತಾಗಿತ್ತು. ಊಟ ಮಾಡ್ಕೊಂಡು ಹೋಗು ಎನ್ನಲಿಲ್ಲ. ನನ್ನ ಜೀವಮಾನದಲ್ಲಿ ಅತ್ತೆಯ ಎದುರಿನಿಂದ ಹಸಿದು ಎದ್ದದ್ದು ಅದೊಂದೇ ಸಲ.

ಬಾಲ್ಯದ ಬಗ್ಗೆ ಬರೆಯುವವರು ಕೊನೆಗೆ ಕಳೆದು ಹೋದದ್ದನ್ನೆಲ್ಲ ನೆನೆಯುತ್ತಾರೆ. ನಾನೂ ನೆನೆಯಬಲ್ಲೆ: ಅಂಗಳ ಹೋಯಿತು, ಪಂಕ್ತಿ ಹೋಯಿತು, ಗಿರಿಯ ಜೊತೆ ಈಗ ರಿಜಿಸ್ಟ್ರಾರ್ ಕಚೇರಿಯಲ್ಲಿ ಮಾತ್ರ ಭೇಟಿ. ಆದರೆ ಅತ್ತೆ ಕೇಳಿದ್ದ ಉಗ್ರಾಣವನ್ನು ಆ ಪಟ್ಟಿಗೆ ಸೇರಿಸಲು ಹೋದಾಗ ಕೈ ನಿಂತಿತು. ಹತ್ತು ಅಡಿ ಉದ್ದ, ಎಂಟು ಅಡಿ ಅಗಲ ಎಂದು ವರದಿಯಲ್ಲಿದೆ. ಅದು ಕಳೆದು ಹೋಗಿಲ್ಲ. ಈ ಫ್ಲಾಟಿನೊಳಗೆ ನಾನು ಇಟ್ಟುಕೊಂಡಿದ್ದೇನೆ.